ಬಾವಿಗೆ ತುಂಬಿದ ಉಡಿ

ಮನೆಗೆ ಬಂದವರಿಗೆ ಮೊದಲು ಬೆಲ್ಲ, ನೀರು ಕೊಡುವುದು ನಮ್ಮ ಕಡೆಯ ರೂಢಿ. ನಮ್ಮ ಮನೆಯಲ್ಲಿ ಮಾತ್ರ ಅದಕ್ಕಿಂತ ಮೊದಲು ಎರಡು ಪ್ರಶ್ನೆ ಕೇಳುತ್ತಿದ್ದರು. ಯಾವೂರು? ಕೋರ್ಟಿನ್ಯಾಗ ಏನರ ಐತೇನು? ಎರಡನೆಯದಕ್ಕೆ ಹೌದು ಎಂದವರು ಕಟ್ಟೆಯ ಮೇಲಿನಿಂದಲೇ ಹೊರಳಿ ಹೋಗಬೇಕು. ಇಲ್ಲ ಎಂದವರು ಪಡಸಾಲೆಯ ಬೆಂಚಿನವರೆಗೆ ಬರಬಹುದು. ಬೆಂಚಿನಿಂದ ಒಳಗೆ, ಅಡುಗೆಮನೆಯ ಹೊಸ್ತಿಲವರೆಗೆ ಬಂದವರು ನನ್ನ ನೆನಪಿನಲ್ಲಿ ಬಹಳ ಕಡಿಮೆ. ಈ ಪ್ರಶ್ನೆಗಳನ್ನು ನಾನು ಮಗ್ಗಿಗಿಂತ ಮೊದಲೇ ಕಲಿತಿದ್ದೆ. ಶಾಲೆಯಲ್ಲಿ ಪಕ್ಕದ ಹುಡುಗಿ ಅರ್ಧ ಪೇರಲ ಹಣ್ಣು ಕಡಿದು ನನ್ನ ಕಡೆ ಚಾಚಿದಾಗ, ಅದನ್ನು ಮುಟ್ಟದೆ, 'ನಿಮ್ಮಪ್ಪಂದು ಕೇಸ್ ಐತೇನು?' ಎಂದು ಕೇಳಿದ್ದೆ. ಅವಳಿಗೆ ಕೇಸು ಎಂದರೆ ಏನೆಂದು ತಿಳಿದಿರಲಿಲ್ಲ. ನನಗೂ ಪೂರ್ತಿ ತಿಳಿದಿರಲಿಲ್ಲ. ಅವಳು ಉಳಿದರ್ಧವನ್ನೂ ತಾನೇ ತಿಂದಳು. ಆಮೇಲೆ ನನಗೆ ಏನನ್ನೂ ಕೊಡಲು ಬರಲಿಲ್ಲ.

ನನ್ನ ಅವ್ವ ನ್ಯಾಯಾಧೀಶೆ. ರಾಣೇಬೆನ್ನೂರಿನಲ್ಲಿ ವಕೀಲಿ ಮಾಡುತ್ತಿದ್ದವಳು ಪರೀಕ್ಷೆ ಪಾಸಾಗಿ ಮುನ್ಸೀಫಳಾಗಿ ಬ್ಯಾಡಗಿಗೆ ಬಂದಾಗ ನಾನಿನ್ನೂ ಶಾಲೆಗೆ ಸೇರಿರಲಿಲ್ಲ. ಅಪ್ಪನದು ರಾಣೇಬೆನ್ನೂರಿನಲ್ಲಿ ಬೀಜದ ಅಂಗಡಿ. ಕುಪ್ಪೇಲೂರಿನಿಂದ ಹಿಡಿದು ಸುತ್ತಲಿನ ಊರಿನ ರೈತರೆಲ್ಲ ಅಲ್ಲಿಗೆ ಬರುವವರು. ಗಂಡನ ಗಿರಾಕಿಗಳು ಹೆಂಡತಿಯ ಮುಂದೆ ಕೈಕಟ್ಟಿ ನಿಲ್ಲುವಂತಾಗಬಾರದು ಎಂದು ಅವ್ವ ಆ ಊರಿನ ಕೋರ್ಟನ್ನು ತಾನಾಗಿಯೇ ಬೇಡವೆಂದಿದ್ದಳಂತೆ. ಹಾಗಾಗಿ ನಮಗೆ ಎರಡು ಮನೆ. ಶನಿವಾರ ಸಂಜೆಯ ರೈಲಿಗೆ ಅಪ್ಪ ಬರುತ್ತಿದ್ದ, ಸೋಮವಾರ ಬೆಳಿಗ್ಗೆ ಹೋಗುತ್ತಿದ್ದ. ಅಪ್ಪನ ತಾಯಿ, ನಮ್ಮ ಆಯಿ, ನನ್ನ ಸಲುವಾಗಿ ನಮ್ಮ ಜೊತೆ ಉಳಿದಿದ್ದಳು. ಅವ್ವ ಕೋರ್ಟಿಗೆ ಹೋದ ಮೇಲೆ ಮನೆ ಆಯಿಯದು. ಅವ್ವನಿಗೆ ಅದೇ ಚಿಂತೆ.

ಬ್ಯಾಡಗಿಯಲ್ಲಿ ಸುಗ್ಗಿಯ ದಿನಗಳಲ್ಲಿ ಇಡೀ ಊರು ಸೀನುತ್ತಿತ್ತು. ಮೆಣಸಿನಕಾಯಿಯ ಘಾಟು ಕಿಟಕಿ ಮುಚ್ಚಿದರೂ ಒಳಗೆ ಬರುತ್ತಿತ್ತು. ಅದೊಂದೇ ಯಾರ ಅಪ್ಪಣೆಯೂ ಇಲ್ಲದೆ ನಮ್ಮ ಮನೆಯೊಳಗೆ ಬರುತ್ತಿದ್ದದ್ದು. ಆದರೆ ಆ ಊರಿನಲ್ಲಿದ್ದಷ್ಟು ಕಾಲ ಆ ಊರಿನ ಮೆಣಸಿನಕಾಯಿ ನಮ್ಮ ಒಲೆ ಕಾಣಲಿಲ್ಲ. ಯಾವ ದಲಾಲಿಯ ವ್ಯಾಜ್ಯ ಯಾವಾಗ ತನ್ನ ಮೇಜಿಗೆ ಬರುತ್ತದೋ, ಯಾರು ಒಂದು ಹಿಡಿ ಹೆಚ್ಚಿಗೆ ತೂಗಿ ಅದನ್ನು ಯಾವಾಗ ನೆನಪಿಸುತ್ತಾರೋ ಎಂದು ಅವ್ವನ ಲೆಕ್ಕ. ಅಪ್ಪ ರಾಣೇಬೆನ್ನೂರಿನಿಂದ ಕೈಚೀಲದಲ್ಲಿ ಮೆಣಸಿನಕಾಯಿ ತರುತ್ತಿದ್ದ. ಆ ಚೀಲ ಬಿಚ್ಚುವಾಗಲೆಲ್ಲ ಆಯಿ ಶುರು ಮಾಡುತ್ತಿದ್ದಳು.

'ಬ್ಯಾಡಗ್ಯಾಗ ಕುಂತು ರೈಲಿನ್ಯಾಗ ಮೆಣಸಿನಕಾಯಿ ತರಸೂ ಹೆಣ್ಣಮಗಳು ಈ ಭೂಮಿ ಮ್ಯಾಲೆ ನೀನ ಒಬ್ಬಾಕಿ ನೋಡು, ಶಕುಂತಲಾ. ಮಂದಿ ಕೇಳಿದ್ರ ನಗ್ತಾರ.'

'ನಗಲಿ ಬಿಡ್ರಿ ಅತ್ತೀ. ಬರಕೊಂಡು ಹೋಗದಿದ್ರ ಸಾಕು.'

ಅಪ್ಪ ನಡುವೆ ಬಾಯಿ ಹಾಕುತ್ತಿದ್ದ. 'ನಾ ಜ್ವಾಳದ ಬೀಜ ಮಾರತೇನಿ, ನನ್ನ ಹೇಂತಿ ಸಂಶೇದ ಬೀಜ ಬಿತ್ತತಾಳ. ನನ್ನವು ಒಮ್ಮೊಮ್ಮೆ ಹುಟ್ಟೂದಿಲ್ಲ. ಆಕೀವು ಒಂದೂ ಹುಸಿ ಹೋಗೂದಿಲ್ಲ.'

ಅವ್ವ ನಗುತ್ತಿರಲಿಲ್ಲ. 'ಬರಕೊಂಡು ಹೋಗುವವರು' ಯಾರು ಎಂಬುದು ನನಗೆ ಬಹಳ ದಿನ ತಿಳಿಯಲಿಲ್ಲ. ಮೇಲಿನ ನ್ಯಾಯಾಧೀಶರು ಕೆಳಗಿನವರ ಬಗ್ಗೆ ವರ್ಷ ವರ್ಷ ಗುಟ್ಟಾಗಿ ಅಭಿಪ್ರಾಯ ಬರೆಯುತ್ತಾರೆ, ಅದರ ಮೇಲೆ ಮುಂದಿನ ಮೆಟ್ಟಿಲು ನಿಂತಿರುತ್ತದೆ ಎಂದು ಅಪ್ಪ ಒಮ್ಮೆ ವಿವರಿಸಿದ. ಮುನ್ಸೀಫ್ ಆದ ಮೇಲೆ ಸಿವಿಲ್ ಜಡ್ಜ್, ಅದರ ಮೇಲೆ ಜಿಲ್ಲಾ ನ್ಯಾಯಾಧೀಶ, ಎಲ್ಲಕ್ಕಿಂತ ಮೇಲೆ ಹೈಕೋರ್ಟು. ಅವ್ವ ಒಂದು ದಿನ ಅಲ್ಲಿ ಕೂಡಬೇಕೆಂದು ಬಯಸಿದ್ದಳು. ಬಾಯಿಬಿಟ್ಟು ಹೇಳಿದ್ದನ್ನು ನಾನು ಕೇಳಿಲ್ಲ. ಆದರೆ ಏನನ್ನು ತಿನ್ನಬೇಕು, ಯಾರ ಮದುವೆಗೆ ಹೋಗಬಾರದು, ಯಾವ ಅಂಗಡಿಯ ಮುಂದೆ ನಿಲ್ಲಬಾರದು ಎಂಬುದೆಲ್ಲ ಆ ಬಯಕೆಯಿಂದಲೇ ತೀರ್ಮಾನವಾಗುತ್ತಿತ್ತು. ಅವ್ವ ಊರನ್ನು ಸಂಶಯದಿಂದ ನೋಡುತ್ತಿದ್ದಳು. ಅವಳನ್ನು ಇನ್ನಾರೋ ಹಾಗೆಯೇ ನೋಡುತ್ತಿದ್ದರು. ಆ ಇನ್ನಾರೋ ಎಲ್ಲಿ ನಿಂತಿದ್ದಾರೆ ಎಂದು ತಿಳಿಯದ ಕಾರಣ ನಾನು ಕಿಟಕಿಯ ಪರದೆ ಸರಿಸುವಾಗ ಮೊದಲು ಬೀದಿಯ ಎರಡೂ ತುದಿ ನೋಡುವುದನ್ನು ರೂಢಿ ಮಾಡಿಕೊಂಡೆ. ಈಗಲೂ ನೋಡುತ್ತೇನೆ.

ಸಿವಿಲ್ ಜಡ್ಜ್ ಆಗಿ ಅವ್ವ ಹಾವೇರಿಗೆ ಬಂದಳು. ಮನೆ ದೊಡ್ಡದಾಯಿತು. ಪಡಸಾಲೆ, ಅದರ ಆಚೆ ನಡುಮನೆ, ಅಡುಗೆಮನೆ, ಹಿತ್ತಲಲ್ಲಿ ಕಲ್ಲಿನ ಕಟ್ಟೆಯ ಬಾವಿ. ಹಿತ್ತಲಿಗೆ ಬೇರೆಯೇ ಬಾಗಿಲಿತ್ತು, ಓಣಿಗೆ ತೆರೆಯುವಂಥದ್ದು. ಅವ್ವ ಬಂದ ದಿನವೇ ಅದಕ್ಕೆ ಕೀಲಿ ಹಾಕಿಸಿದಳು. ಕೀಲಿಕೈ ಮಾತ್ರ ಆಯಿಯ ಸೊಂಟದಲ್ಲಿ ಉಳಿಯಿತು, ಏಕೆಂದರೆ ಬಾವಿ ಆಯಿಯದು. ಆ ಬಾವಿಯಲ್ಲಿ ಗಂಗವ್ವ ಇದ್ದಾಳೆ ಎಂದು ಆಯಿ ನಂಬಿದ್ದಳು. ಬೆಳಿಗ್ಗೆ ಮೊದಲ ಕೊಡ ಸೇದುವ ಮುನ್ನ ಕಟ್ಟೆಗೆ ಅರಿಶಿನ ಹಚ್ಚಿ, ಒಬ್ಬ ಸೊಸೆಗೆ ಹೇಳುವಂತೆ ನೀರಿಗೆ ಮನೆಯ ಸುದ್ದಿಯನ್ನೆಲ್ಲ ಹೇಳುತ್ತಿದ್ದಳು.

ಹಾವೇರಿಯಲ್ಲಿ ಸತ್ಕಾರ ಎಂದರೆ ಏಲಕ್ಕಿ ಹಾರ. ಒಂದು ಸಮಾರಂಭದಲ್ಲಿ ಅವ್ವನ ಕೊರಳಿಗೂ ಬಿತ್ತು. ಅವ್ವ ವೇದಿಕೆಯ ಮೇಲೆಯೇ ಅದನ್ನು ತೆಗೆದು, ಹಾಕಿದವರ ಕೈಗೇ ಕೊಟ್ಟು ಬಂದಳು. ಮನೆಗೆ ಬಂದು ತುರುಬು ಬಿಚ್ಚುವಾಗ ಒಂದು ಏಲಕ್ಕಿ ಕೆಳಗೆ ಬಿತ್ತು. ಆಯಿ ಅದನ್ನು ಹೆಕ್ಕಿ ಚಹಾಕ್ಕೆ ಹಾಕಿದಳು. ಅವ್ವ ಒಂದು ಗುಟುಕು ಕುಡಿದು ಬಟ್ಟಲು ಕೆಳಗಿಟ್ಟಳು.

'ಇದು ಎಲ್ಲಿಂದ ಬಂತು?'

'ನಿನ್ನ ತಲ್ಯಾಗಿಂದ,' ಎಂದಳು ಆಯಿ.

ಆ ದಿನ ಅಪ್ಪನೂ ಇದ್ದ. ಅವನು ನಕ್ಕು ನಕ್ಕು ಕೆಮ್ಮಿದ. ಅವ್ವ ಚಹಾ ಕುಡಿಯಲಿಲ್ಲ.

ನಿಂಗವ್ವ ಬಂದದ್ದು ಶ್ರಾವಣದ ಒಂದು ಶುಕ್ರವಾರ, ಪಂಚಮಿ ಮುಗಿದ ವಾರದಲ್ಲಿ. ಅವ್ವ ಕೋರ್ಟಿನಿಂದ ಬಂದು ಕೈಕಾಲು ತೊಳೆದು ಪಡಸಾಲೆಯಲ್ಲಿ ಕೂತಿದ್ದಳು. ಆಯಿ ಬಾಗಿಲು ತೆರೆದಳು. ಹೊರಗೆ ಹಸಿರು ಇಳಕಲ್ ಸೀರೆಯ ಹೆಂಗಸೊಬ್ಬಳು ಹಿತ್ತಾಳೆಯ ತಾಟು ಹಿಡಿದು ನಿಂತಿದ್ದಳು. ತಾಟಿನಲ್ಲಿ ಅಕ್ಕಿ, ತೆಂಗಿನಕಾಯಿ, ಎಲೆ ಅಡಿಕೆ, ಕುಂಕುಮದ ಬಟ್ಟಲು, ಮಡಿಸಿದ ಕುಪ್ಪಸದ ಖಣ. ಉಡಿ ತುಂಬಲು ಬಂದವಳು ಎಂದು ನೋಡಿದರೇ ತಿಳಿಯುತ್ತಿತ್ತು. ಮುತ್ತೈದೆಯ ಸೆರಗಿನಲ್ಲಿ ಅಕ್ಕಿ ಕಾಯಿ ಹಾಕಿ ಹರಸಿ ಹರಸಿಕೊಳ್ಳುವುದನ್ನು ನಮ್ಮಲ್ಲಿ ಯಾರೂ ಬೇಡ ಎನ್ನುವುದಿಲ್ಲ. ವೈರಿಯ ಮನೆಯವಳು ಬಂದರೂ ಸೆರಗು ಒಡ್ಡಬೇಕು. ಉಡಿ ತಿರುಗಿ ಹೋದರೆ ಕೊಟ್ಟವಳ ಮನೆಗೂ ಕೇಡು, ಬೇಡವೆಂದವಳ ಮನೆಗೂ ಕೇಡು. ಗಂಡಸು ಜಡ್ಜರಿಗೆ ಈ ಸಂಕಟವಿಲ್ಲ. ಅವರು ಬಾಗಿಲು ಹಾಕಿಕೊಂಡರೆ ಮುಗಿಯಿತು. ಆಯಿ ಎರಡು ಪ್ರಶ್ನೆ ಕೇಳದೆಯೇ ಅವಳನ್ನು ಒಳಗೆ ಕರೆದಳು. ಪ್ರಶ್ನೆ ಕೇಳಿದವಳು ಅವ್ವ.

'ಯಾವೂರು?'

'ಅಗಡಿಗೆ ಕೊಟ್ಟಾರ್ರಿ ಬಾಯಾರ. ತವರು ಕರ್ಜಗಿ. ನಿಂಗವ್ವ ಅಂತಾರ್ರಿ.'

'ಕೋರ್ಟಿನ್ಯಾಗ ಏನರ ಐತೇನು?'

ನಿಂಗವ್ವ ಸುಳ್ಳು ಹೇಳಲಿಲ್ಲ. 'ಐತ್ರಿ. ನಿಮ್ಮ ಮುಂದ ಐತಿ. ಅಪ್ಪನ ಹೊಲದಾಗ ಪಾಲು ಕೇಳೇನಿ. ಕೇಳಿದಾಗಿಂದ ಅಣ್ಣದೇರು ಪಂಚಮಿಗೆ ಕರಿಯೂದ ಬಿಟ್ರು. ಈ ಸಲಾನೂ ಎಲ್ಲಾರೂ ತವರಿಗೆ ಹ್ವಾದ್ರು, ಉಂಡಿ ತಿಂದ್ರು, ಜೋಕಾಲಿ ಆಡಿದ್ರು. ನಾ ಒಬ್ಬಾಕಿ ಬಾಗಲದಾಗ ಕುಂತೆ. ಉಡಿ ತುಂಬಾಕ ನನಗೂ ಒಂದು ಮನಿ ಬೇಕಲ್ರಿ. ಕೇಸಿನ ಮಾತು ಆಡೂದಿಲ್ರಿ ನಾ. ಸೆರಗ ಒಡ್ರಿ, ತುಂಬಿ ಹೋಗ್ತೇನಿ.'

ಅವ್ವ ಎದ್ದು ನಿಂತಳು. ಅವಳ ಕೈ ಸೆರಗಿನ ತುದಿಯವರೆಗೆ ಹೋದದ್ದನ್ನು ನಾನು ನೋಡಿದೆ. ಅದನ್ನು ಒಡ್ಡಲಿಲ್ಲ. ಸೊಂಟಕ್ಕೆ ಸಿಗಿಸಿಕೊಂಡಳು.

'ನಿನ್ನ ಯಾರು ಕಳಿಸ್ಯಾರ?'

'ಯಾರೂ ಇಲ್ರಿ ನಮ್ಮವ್ವಾ.'

'ಹೋಗು. ಹೇಳೂದಿದ್ರ ವಕೀಲರ ಕಡೆ ಹೇಳಸು. ಈ ಮನಿಗೆ ಮತ್ತ ಬರಬ್ಯಾಡ.'

ಅವ್ವ ನಡುಮನೆಗೆ ಹೋಗಿ ಬಾಗಿಲು ಮುಂದೆ ಮಾಡಿಕೊಂಡಳು. ಯಾರು ಕಳಿಸಿದರು ಎಂಬ ಪ್ರಶ್ನೆಯ ಅರ್ಥವನ್ನು ಆಮೇಲೆ ತಿಳಿದೆ. ಅಣ್ಣಂದಿರೇ ಯಾರ ಮೂಲಕವಾದರೂ ಅವಳ ತಲೆಯಲ್ಲಿ ಇದನ್ನು ಬಿತ್ತಿ ಕಳಿಸಿರಬಹುದು, ಜಡ್ಜ್ ಬಾಯಿ ಎದುರಿನವರಿಂದ ಉಡಿ ತಗೊಂಡಳು ಎಂದು ಮರುದಿನ ಅರ್ಜಿ ಹಾಕಬಹುದು. ಅಥವಾ ನಿಂಗವ್ವ ಬಹಳ ಜಾಣೆ ಇರಬಹುದು. ಅಥವಾ ಅವಳು ಹೇಳಿದ್ದಷ್ಟೇ ನಿಜವಿರಬಹುದು. ಈ ಮೂರರಲ್ಲಿ ಯಾವುದು ಎಂದು ನನಗೆ ಇವತ್ತಿಗೂ ಗೊತ್ತಿಲ್ಲ.

ಅವ್ವನಿಗೆ ಗೊತ್ತಾಗದಂತೆ ಆದದ್ದು ಅದರ ಮುಂದಿನದು. ತಾಟು ಹಿಡಿದು ಕಟ್ಟೆಯಿಂದ ಇಳಿಯುತ್ತಿದ್ದ ನಿಂಗವ್ವನಿಗೆ ಆಯಿ ಕೈಸನ್ನೆ ಮಾಡಿ, ಓಣಿಯ ಕಡೆಯಿಂದ ಬರುವಂತೆ ಹೇಳಿದಳು. ಸೊಂಟದ ಕೀಲಿಕೈ ತೆಗೆದು ಹಿತ್ತಲ ಬಾಗಿಲು ತೆರೆದಳು. ನಾನೂ ಅವಳ ಹಿಂದೆ ನಿಂತಿದ್ದೆ. ಆಯಿ ಗಂಡನನ್ನು ಕಳೆದುಕೊಂಡವಳು, ಅವಳಿಗೆ ಉಡಿ ತುಂಬುವ ಹಾಗಿರಲಿಲ್ಲ. ಅವಳು ಬಾವಿಯನ್ನು ತೋರಿಸಿದಳು.

'ಉಡಿ ಹೊಳ್ಳಿ ಒಯ್ಯಬಾರದವಾ. ನಮ್ಮ ಗಂಗವ್ವ ಎಂದಿಗೂ ಮುತ್ತೈದಿ. ಆಕಿಗೆ ತುಂಬಿ ಹೋಗು.'

ನಿಂಗವ್ವ ಕಟ್ಟೆಗೆ ಕುಂಕುಮ ಹಚ್ಚಿದಳು. ಅಕ್ಕಿಯನ್ನು ಬೊಗಸೆಯಲ್ಲಿ ತುಂಬಿ ಕಟ್ಟೆಯ ಮೇಲೆ ಸುರಿದಳು. ಖಣವನ್ನು ನೀರು ಸೇದುವ ಗಡಗಡಿಯ ಕಂಬಕ್ಕೆ ಸುತ್ತಿದಳು. ಕಾಯಿಯನ್ನು ಆಯಿಯೇ ಕಲ್ಲಿಗೆ ಒಡೆದು, ನೀರನ್ನು ಬಾವಿಗೆ ಬಿಟ್ಟು, ಒಂದು ಹೋಳನ್ನು ನಿಂಗವ್ವನ ತಾಟಿಗಿಟ್ಟಳು. ಇನ್ನೊಂದು ದೇವರ ಹೋಳು, ಕಟ್ಟೆಯ ಮೇಲೆ ಉಳಿಯಿತು. ನಿಂಗವ್ವ ಬಗ್ಗಿ ಬಾವಿಯ ಒಳಗೆ ನೋಡಿ ಏನೋ ಅಂದಳು. ತವರಿನವರೊಂದಿಗೆ ಮಾತಾಡುವ ದನಿಯಲ್ಲಿ ಅಂದಳು. ಹೋಗುವಾಗ ನನ್ನ ಗಲ್ಲ ಮುಟ್ಟಿದಳು. ನಾನು ಹಿಂದೆ ಸರಿದೆ.

ಆ ಸಂಜೆ ರೊಟ್ಟಿಯ ಜೊತೆಗೆ ಕಾಯಿಚಟ್ನಿ ಇತ್ತು. ಅವ್ವ ಎರಡು ಸಲ ಹಾಕಿಸಿಕೊಂಡಳು. 'ಚಲೋ ಆಗೇತ್ರಿ ಅತ್ತೀ,' ಅಂದಳು. ಅಷ್ಟು ಹೇಳುವುದೂ ಅವಳಿಗೆ ಅಪರೂಪ. ಆಯಿ ಇನ್ನೊಂದು ರೊಟ್ಟಿ ಬಡಿಸಿದಳು. ದೇವರ ಹೋಳನ್ನು ಬಿಸಾಡುವ ಹೆಂಗಸು ನಮ್ಮಾಯಿ ಅಲ್ಲ. ಅದರಲ್ಲಿ ಮುಚ್ಚಿಡುವಂಥದ್ದು ಇದೆ ಎಂದೂ ಅವಳಿಗೆ ಅನ್ನಿಸಿರಲಿಕ್ಕಿಲ್ಲ. ಕಾಯಿ ಗಂಗವ್ವನಿಗೆ ಮುಟ್ಟಿದ ಮೇಲೆ ಅದು ನಿಂಗವ್ವನದಾಗಿ ಉಳಿಯುವುದಿಲ್ಲ ಎಂಬುದು ಅವಳ ಕಾನೂನು.

ಮರುದಿನ ಬೆಳಿಗ್ಗೆ ಅವ್ವ ಹಿತ್ತಲಿಗೆ ಹೋದವಳು ತಿರುಗಿ ಬಂದಾಗ ಅವಳ ಮುಖ ಕೋರ್ಟಿನ ಮುಖವಾಗಿತ್ತು. ಆಯಿ ಒಲೆಯ ಮುಂದೆ ರೊಟ್ಟಿ ಬಡಿಯುತ್ತಿದ್ದಳು.

'ಅತ್ತೀ, ಗಡಗಡಿ ಕಂಬಕ್ಕ ಅದೇನದು?'

'ಖಣ.'

'ಯಾರದು?'

'ಗಂಗವ್ವಂದು.'

'ಯಾವ ಗಂಗವ್ವ?'

'ಬಾವ್ಯಾಗಿನಾಕಿ. ಆಕೀದು ಯಾವ ಕೋರ್ಟಿನ್ಯಾಗೂ ಕೇಸಿಲ್ಲ. ಬೇಕಾದ್ರ ವಿಚಾರಿಸಿ ನೋಡು.'

ಅವ್ವ ಆಯಿಯನ್ನು ಮತ್ತೆ ಕೇಳಲಿಲ್ಲ. ನನ್ನ ಕಡೆ ತಿರುಗಿದಳು. ನನ್ನನ್ನು ಗೋಡೆಯ ಬದಿಗೆ ನಿಲ್ಲಿಸಿ, ತಾನು ಮಣೆಯ ಮೇಲೆ ಕೂತು, ಮೆಲ್ಲಗೆ ಹೇಳಿದಳು.

'ನೀ ಹಿತ್ತಲದಾಗ ಇದ್ದಿ, ಹೌದಿಲ್ಲೋ? ಏನು ನೋಡಿದಿ, ಅಷ್ಟ ಹೇಳು. ನಿನಗ ಏನು ಅನಸ್ತು ಅದು ಬ್ಯಾಡ.'

ನಾನು ಹೇಳಿದೆ. ಕುಂಕುಮ, ಅಕ್ಕಿ, ಖಣ, ಒಂದಾದ ಮೇಲೊಂದು. ಆಯಿ ಕೈ ಒಡ್ಡಿದಳೇ? ಇಲ್ಲ. ಸೆರಗು? ಇಲ್ಲ. ದುಡ್ಡು, ಬಂಗಾರ, ಪುಡಿಕೆ ಏನಾದರೂ? ಇಲ್ಲ. ಕೇಸಿನ ಮಾತು? ಇಲ್ಲ. ಅವ್ವನ ಭುಜ ಸ್ವಲ್ಪ ಇಳಿಯಿತು. ಆಯಿ ರೊಟ್ಟಿ ಬಡಿಯುವುದನ್ನು ನಿಲ್ಲಿಸಿರಲಿಲ್ಲ. ಆ ಬಡಿತದಲ್ಲಿ ಗೆದ್ದ ಸದ್ದಿತ್ತು.

'ಕಾಯಿ ಏನು ಮಾಡಿದ್ರು?'

'ಒಡದ್ರು. ಒಂದು ಹೋಳು ಆಕಿ ಒಯ್ದಳು.'

'ಇನ್ನೊಂದು?'

ರೊಟ್ಟಿಯ ಬಡಿತ ನಿಂತಿತು. ನಾನು ಆಯಿಯ ಕಡೆ ನೋಡಲಿಲ್ಲ. ನೋಡಿದ್ದಷ್ಟನ್ನೇ ಹೇಳಬೇಕಿತ್ತು.

'ಚಟ್ನಿಗೆ ಹಾಕಿದ್ಳು.'

ಅವ್ವ ಬಾಯಿಯ ಮೇಲೆ ಕೈ ಇಟ್ಟುಕೊಂಡಳು. ಆಯಿ ಮಾತ್ರ, 'ದೇವರ ಕಾಯಿ ಅದು. ಅದಕ್ಯಾಕ ಹಿಂಗ ಕುಂದರತಿ? ಇಸಾ ತಿಂದಂಗ?' ಅಂದಳು. ಅವ್ವ ಎದ್ದು, ಏನನ್ನೂ ತಿನ್ನದೆ, ಕರಿಕೋಟು ತೋಳಿಗೆ ಹಾಕಿಕೊಂಡು ಹೊರಟಳು.

ಕೋರ್ಟಿನಲ್ಲಿ ಏನಾಯಿತೆಂದು ಜವಾನ ಬಂದು ಹೇಳಿದ. ಅವ್ವ ಎರಡೂ ಕಡೆಯ ವಕೀಲರನ್ನು ಕರೆಸಿ, ತುಂಬಿದ ಕೋರ್ಟಿನಲ್ಲಿ, ವಾದಿ ತನ್ನ ಮನೆಗೆ ಬಂದದ್ದು, ತಾನು ಉಡಿ ನಿರಾಕರಿಸಿದ್ದು, ಬಾವಿ, ಅರ್ಧ ಕಾಯಿ, ಚಟ್ನಿ, ತಾನು ತಿಳಿಯದೆ ತಿಂದದ್ದು, ಎಲ್ಲವನ್ನೂ ಹೇಳಿದಳಂತೆ. ವಕೀಲರು ತಲೆ ತಗ್ಗಿಸಿ ನಗು ತಡೆದರಂತೆ. ಅಣ್ಣಂದಿರ ವಕೀಲರು ಎದ್ದು, ಚಟ್ನಿಗೆ ನಮ್ಮ ತಕರಾರಿಲ್ಲ, ದಾವೆ ನೀವೇ ನಡೆಸಬೇಕು ಎಂದು ಕೈ ಮುಗಿದರಂತೆ. ಅವ್ವ ಒಪ್ಪಲಿಲ್ಲ. ಧಾರವಾಡದ ಜಿಲ್ಲಾ ನ್ಯಾಯಾಧೀಶರಿಗೆ ತಿಳಿಸಿ ಆ ದಾವೆಯನ್ನು ತನ್ನಿಂದ ಬೇರೆ ಕೋರ್ಟಿಗೆ ಕಳಿಸಿಬಿಟ್ಟಳು. ನಿಂಗವ್ವ ಮತ್ತೆ ಮೊದಲಿನಿಂದ ಬೇರೊಬ್ಬರ ಮುಂದೆ ನಿಲ್ಲಬೇಕಾಯಿತು. ಸಂಜೆಯ ಹೊತ್ತಿಗೆ ಊರಲ್ಲಿ ಅವ್ವನಿಗೆ ಚಟ್ನಿ ಬಾಯಾರು ಎಂದು ಹೆಸರು ಬಿದ್ದಿತ್ತು.

ಆಯಿ ಜವಾನನ ಮಾತನ್ನು ಕೊನೆಯವರೆಗೂ ಕೇಳಿದಳು. ಟ್ರಂಕು ಎಳೆದು ಸೀರೆಗಳನ್ನು ಇಡತೊಡಗಿದಳು. ಶನಿವಾರವಾದ್ದರಿಂದ ಅಪ್ಪನೂ ಆಗಲೇ ಬಂದ. ಅವನು ಸಮಾಧಾನ ಮಾಡಲು ನೋಡಿದ. ಅವ್ವ ಬಂದು ಬಾಗಿಲಲ್ಲಿ ನಿಂತಳು.

'ಅತ್ತೀ, ನಿಮ್ಮ ತಪ್ಪು ಅಂತ ನಾ ಎಲ್ಲೂ ಅಂದಿಲ್ಲ.'

'ಅನಬೇಕಾಗಿತ್ತು. ಮನ್ಯಾಗ ನಿಂತು ನಾಕು ಮಂದಿ ಮುಂದ ಬೈಬೇಕಾಗಿತ್ತು. ನನ್ನ ಒಲಿ ಮ್ಯಾಲಿಂದು ಒಯ್ದು ಕಚೇರ್ಯಾಗ ಇಟ್ಟಿಯಲ್ಲ? ಆ ಕೂಸಿನ್ನ ನಿಂದರಿಸಿ ನನ್ನ ಮ್ಯಾಲೆ ಸಾಕ್ಷಿ ಹೇಳಿಸಿದಿ. ಇನ್ನ ನಿನ್ನ ಒಲಿ ನೀನ ನೋಡ್ಕೊ.'

ಸೋಮವಾರದ ರೈಲಿಗೆ ಅಪ್ಪನ ಜೊತೆ ಆಯಿ ರಾಣೇಬೆನ್ನೂರಿಗೆ ಹೋದಳು. ಕೀಲಿಕೈಯನ್ನು ಬಾವಿಯ ಕಟ್ಟೆಯ ಮೇಲೆ ಇಟ್ಟು ಹೋದಳು. ಅವ್ವನ ಕೈಗೆ ಕೊಡಲಿಲ್ಲ. ನನ್ನ ಮೇಲೆ ಅವಳಿಗೆ ಸಿಟ್ಟಿರಲಿಲ್ಲ. ರಜೆಯಲ್ಲಿ ಹೋದಾಗ ನೆತ್ತಿಗೆ ಎಣ್ಣೆ ಒತ್ತುತ್ತಿದ್ದಳು. ಆದರೆ ನಾನು ಅಡುಗೆಮನೆಗೆ ಕಾಲಿಟ್ಟಾಗ ಒಂದು ಕ್ಷಣ ಕೈ ತಡೆದು, ನಾನು ಎಲ್ಲಿ ನೋಡುತ್ತಿದ್ದೇನೆ ಎಂದು ನೋಡುತ್ತಿದ್ದಳು. ಅವ್ವನ ಯಾವ ಊರಿನ ಮನೆಗೂ ಆಯಿ ಮತ್ತೆ ವಾಸಕ್ಕೆ ಬರಲಿಲ್ಲ. ಅಡುಗೆಗೆ ಯಾರನ್ನೂ ಇಟ್ಟುಕೊಳ್ಳಲು ಅವ್ವ ಒಪ್ಪಲಿಲ್ಲ. ಯಾರ ಮನೆಯವಳೋ, ಯಾರ ಕಡೆಯವಳೋ. ಅವಳೇ ಬೇಯಿಸಿದ ಅನ್ನವನ್ನು ನಾವಿಬ್ಬರೂ ಎದುರುಬದುರು ಕೂತು ಹೆಚ್ಚು ಮಾತಿಲ್ಲದೆ ತಿಂದೆವು. ನಾನು ಮಾತು ಅಳೆದು ಆಡುವವಳಾದದ್ದು ಆ ಊಟಗಳಲ್ಲಿ. ಕೆಲವು ವರ್ಷಗಳ ಮೇಲೆ ಒಂದು ಹಬ್ಬದಲ್ಲಿ ರಾಣೇಬೆನ್ನೂರಿನಲ್ಲಿ ಎಲ್ಲರೂ ಸೇರಿದಾಗ, ಆಯಿ ಯಾರನ್ನೂ ನೋಡದೆ, 'ಆ ನಿಂಗವ್ವಗ ಪಾಲು ಬಂತಂತ,' ಅಂದಳು. ಅದು ಯಾರಿಂದ ತಿಳಿಯಿತು ಎಂದು ಅವ್ವ ಕೇಳಲಿಲ್ಲ. ಅವ್ವ ಕೇಳದೆ ಬಿಟ್ಟ ಪ್ರಶ್ನೆ ನನ್ನ ನೆನಪಿನಲ್ಲಿ ಅದೊಂದೇ.

ಜಿಲ್ಲಾ ನ್ಯಾಯಾಧೀಶೆಯಾಗಿ ಅವ್ವ ದೂರದ ಊರುಗಳಿಗೆ ಹೋದಳು. ನಾನು ಧಾರವಾಡದಲ್ಲಿ ಎಂ.ಎ. ಓದುತ್ತಿದ್ದಾಗ ಹೈಕೋರ್ಟಿಗೆ ಅವಳ ಹೆಸರು ಹೋಗಿದೆ ಎಂದು ಅಪ್ಪ ಗುಟ್ಟಾಗಿ ಹೇಳಿದ. ಆ ರಜೆಯಲ್ಲಿ ನಾನು ರಾಣೇಬೆನ್ನೂರಿನಲ್ಲಿದ್ದೆ. ಒಂದು ಮಧ್ಯಾಹ್ನ ಸಾದಾ ಬಟ್ಟೆಯ ಇಬ್ಬರು ಗಂಡಸರು ಬಂದು, ಬೀಜದ ಅಂಗಡಿ ಇದೇ ಏನು ಎಂದು ಕೇಳಿದರು. ಅಂಗಡಿ ಮುಂದಿನ ಬೀದಿಯಲ್ಲಿತ್ತು, ಅದನ್ನು ಎಲ್ಲರೂ ಬಲ್ಲರು. ಕಟ್ಟೆಯ ಮೇಲೆ ಕೂತು ಅವರೆಕಾಯಿ ಬಿಡಿಸುತ್ತಿದ್ದ ಆಯಿ ಅವರ ಬೂಟುಗಳನ್ನು ನೋಡಿದಳು.

'ಯಾವೂರು?'

ಒಬ್ಬ ಬೆಂಗಳೂರು ಎಂದ.

'ಕೋರ್ಟಿನ್ಯಾಗ ಏನರ ಐತೇನು?'

ಇಬ್ಬರೂ ಮುಖ ಮುಖ ನೋಡಿಕೊಂಡರು. ದೊಡ್ಡವನು ನಗುತ್ತ ಕಟ್ಟೆಯ ತುದಿಗೆ ಕೂತ. ಅದೂ ಇದೂ ಮಾತಾಡಿ, ನಿಮ್ಮ ಸೊಸೆ ದೊಡ್ಡ ಜಡ್ಜಂತಲ್ಲ ಅಜ್ಜಿ, ಮನೆ ತುಂಬಾ ಕೊಡುಗೆ ಬರ್ತಿರಬೇಕು ಅಂದ. ನಾನು ಬಾಗಿಲ ಹಿಂದಿದ್ದೆ. ಹೈಕೋರ್ಟಿಗೆ ಹೆಸರು ಹೋದವರ ಬಗ್ಗೆ ಗುಟ್ಟಾಗಿ ವಿಚಾರಿಸಲು ಜನ ಬರುತ್ತಾರೆ ಎಂದು ಅಪ್ಪ ಹೇಳಿದ್ದ. ಆಯಿಗೆ ಅವ್ವನ ಮೇಲಿದ್ದ ನೋವು ಎಷ್ಟೆಂದು ನನಗೆ ಗೊತ್ತಿತ್ತು. ಅವ್ವ ಇಷ್ಟು ವರ್ಷ ಕಾದ ಮೆಟ್ಟಿಲು ಈಗ ಆಯಿಯ ಒಂದು ಮಾತಿನ ಮೇಲೆ ನಿಂತಿತ್ತು.

'ಆಕಿ ಏನು ತಗೋತಾಳಪಾ,' ಅಂದಳು ಆಯಿ. 'ಶ್ರಾವಣ ಶುಕ್ರವಾರದ ದಿನ ಹೆಣ್ಣಮಗಳೊಬ್ಬಾಕಿ ಉಡಿ ತಂದ್ಲು. ಉಡಿನೂ ತಗೊಳ್ಳಲಿಲ್ಲ.'

'ಒಂದ್ಸಲವೂ ಏನೂ ತಗೊಂಡಿಲ್ವಾ?'

ಆಯಿ ಒಂದು ಅವರೆಕಾಯಿ ಬಿಡಿಸಿ ಮುಗಿಸುವವರೆಗೆ ಯೋಚಿಸಿದಳು. 'ಒಂದ ಸಲ. ಅರ್ಧ ಕಾಯಿದು ಚಟ್ನಿ. ನಾನ ಮಾಡಿದ್ದು. ಅದನ್ನೂ ಕಚೇರ್ಯಾಗ ನಿಂತು ಊರಿಗೆಲ್ಲಾ ಹೇಳಿ, ನನ್ನ ಮಾನಾ ಕಳದ್ಲು. ಅಂಥಾಕಿ ಆಕಿ. ಬರಕೋರಿ.'

ಅವರು ಏನೂ ಬರೆದುಕೊಳ್ಳಲಿಲ್ಲ. ಎದ್ದು ಕೈ ಮುಗಿದರು. ಆಯಿ ಚಹಾ ಕುಡಿದು ಹೋಗಿ ಎಂದಳು. ಬೇಡ ಅಜ್ಜಿ, ನಮ್ಮ ಕೆಲಸದಲ್ಲಿ ಕುಡಿಯುವ ಹಾಗಿಲ್ಲ ಎಂದು ಹೋದರು. 'ಇವರೂ ಆಕೀ ಕುಲದವರ,' ಎಂದು ಆಯಿ ಬುಟ್ಟಿ ಎತ್ತಿಕೊಂಡು ಒಳಗೆ ಹೋದಳು.

ಸಂಜೆ ಅಂಗಡಿಯ ಫೋನಿನಿಂದ ಅವ್ವನಿಗೆ ಹೇಳಿದೆ. ನೋಡಿದ್ದು, ಕೇಳಿದ್ದು, ಅಷ್ಟೇ. ನನಗೆ ಏನನ್ನಿಸಿತು ಎಂದು ಹೇಳಲಿಲ್ಲ. ಅವ್ವ ಕೇಳಿದ್ದು ಒಂದೇ.

'ಚಾ ಕುಡದ್ರೇನು?'

'ಇಲ್ಲ.'

'ಹಂಗಾರ ಖರೇ ಮಂದಿನ.'

ನಾನು ಫೋನು ಇಡಬೇಕೆನ್ನುವಾಗ ಅವ್ವನ ದನಿ ಮತ್ತೆ ಬಂತು.

'ಅತ್ತಿಗೆ ಒಂದು ಹೇಳು. ಆ ಚಟ್ನಿ ಭಾಳ ಚಲೋ ಇತ್ತು. ಅದೊಂದು ನಾ ಕೋರ್ಟಿನ್ಯಾಗ ಹೇಳಿರಲಿಲ್ಲ.'